ಲಕ್ಕಿ ಸೊಪ್ಪೂ ಕಾಳಿನ ಸಂರಕ್ಷಣೆಯೂ

ಹಳ್ಳದ ದಡಗಳಲ್ಲಿಯೂ ಹೊಲದ ಬದುಗಳಲ್ಲಿಯೂ ತಾನಾಗಿ ಬೆಳೆಯುವ ಲಕ್ಕಿ ಗಿಡವನ್ನರಿಯದ ಬೇಸಾಯಗಾರರು ವಿರಳ. ಇದನ್ನು ಕೆಲವೆಡೆ ನೆಕ್ಕಿಯೆಂದೂ ಸಂಸ್ಕೃತದಲ್ಲಿ ನಿರ್ಗುಂಡಿಯೆಂದೂ ಕರೆಯುವರು. ವೈಟೆಕ್ಸ್ ನೆಗುಂಡೊ ಎಂಬ ಶಾಸ್ತ್ರೀಯ ನಾಮವನ್ನು 1753ರಲ್ಲಿ ಲಿನೇಯಸನು ಇಟ್ಟನು. ಹಿಂದೆ ಬೇರೊಂದು ಕುಟುಂಬದಲ್ಲಿದ್ದ ಇದನ್ನು ಈಗ ತುಳಸಿ, ತುಂಬೆ, ಪುದೀನಗಳ ಕುಟುಂಬದಲ್ಲಿ ಗಣಿಸುವರು.

ಎಳೆಯ ಕೊಂಬೆಗಳು ಚೌಕವಾಗಿಯೂ, ಎಲೆಗಳು 3 ಅಥವಾ 5 ಕಿರುಎಲೆಗಳಾಗಿ ಬೆರಳು ಬಿಡಿಸಿದಂತೆಯೂ ಇರುವುವು. ಎಲೆಯ ಬೆನ್ನು ಬೂದುಬಿಳುಪು, ಹೂಗೊಂಚಲು ನಸುನೀಲಿ. ಬೇಲಿ ಸವರುವವರು ಲಂಟಾನವೆಂದೇ ಭಾವಿಸಿ ಇದನ್ನೂ ಬುಡಸಹಿತ ಕೀಳುವುದುಂಟು. ಲಂಟಾನವು ಹೊರದೇಶದಿಂದ ಬಂದ ಕಳೆ, ಅದರ ಎಲೆ ಒಂಟಿ, ಒರಟು, ದನಗಳಿಗೆ ವಿಷ. ಲಕ್ಕಿಯನ್ನು ದನಗಳು ಸಾಮಾನ್ಯವಾಗಿ ಮುಟ್ಟವಾದುದರಿಂದ ಅದು ಉತ್ತಮವಾದ ಬೇಲಿಯಾಗುವುದು.

ಕಾಳಿನ ವಾಡೆಗಳಲ್ಲಿ ಈ ಸೊಪ್ಪನ್ನಿಡುವುದು ಹಿಂದಿನಿಂದ ಬಂದ ರೂಢಿ. ಇದರ ವಾಸನೆಯು ಕೀಟಗಳನ್ನು ದೂರವಿಡುವುದೆಂಬುದು ನಿಜವೇ. ಆದರೂ “ಸೊಪ್ಪು ಹಾಕಿದರೂ ಹೆಸರುಕಾಳು ತೂತುಬಿದ್ದಿತು” ಎಂಬ ದೂರು ಪ್ರತಿ ವರ್ಷವೂ ಕೇಳಿಬರುತ್ತದೆ. ಇದಕ್ಕೆ ಕಾರಣವನ್ನು ವಾಡೆಯಲ್ಲಿ ಮಾತ್ರವಲ್ಲದೆ ಹೊಲದಲ್ಲಿಯೂ ಹುಡುಕತಕ್ಕದ್ದು. ಹೆಸರು, ಅಲಸಂದೆ, ತೊಗರಿಗಳ ಮೇಲೆ ಬೀಳುವ ದುಂಬಿಯು ಪೈರು ನಿಂತಿರುವಾಗಲೇ ಕಾಯಿಯ ಮೇಲೆ ಮೊಟ್ಟೆಯಿಡುವುದು. ಮರಿಹುಳುವು ಕಾಳನ್ನು ಕೊರೆದು ಒಳಹೊಕ್ಕು, ಅಲ್ಲಿಯೇ ತಿಂದು ಬೆಳೆದು, ಹದವಾದ ಬಿಸುಪಿನಲ್ಲಿ ಸುಮಾರು ಒಂದು ತಿಂಗಳೊಳಗೆ ದುಂಬಿಯಾಗಿ ಹೊರಬೀಳುವುದು. ಕಾಳಿನೊಳಗೆ ಅಡಗಿರುವ ಇದನ್ನು ಮೇಲಿಟ್ಟ ಸೊಪ್ಪಿನ ವಾಸನೆಯು ಕೊಲ್ಲಲಾರದು. ಹೊರಗಿನಿಂದ ಬರುವ ದುಂಬಿಯನ್ನು ತಡೆಯುವಷ್ಟೇ ಅದರ ಕೆಲಸ.

ಆದುದರಿಂದ ಒಕ್ಕಣೆಯಾದೊಡನೆ ಕಾಳನ್ನು ತೆಳುವಾಗಿ ಹರಡಿ ಬಲವಾದ ಬಿಸಿಲಿನಲ್ಲಿ ಹಲವು ದಿನ ಒಣಗಿಸಬೇಕು. ಹಲ್ಲಿನಿಂದ ಕಚ್ಚಿದರೆ ಚಿಟ್ಟೆಂದು ಒಡೆಯುವುದೇ ಹದ. ತೇವವು ನೂರಕ್ಕೆ 10ನ್ನು ಮೀರಿರಕೂಡದು. ಕಾಳು ಆರಿದ ಬಳಿಕವೇ ತುಂಬತಕ್ಕದ್ದು. ಹಳೆಯ ವಾಡೆಯ ಬಿರುಕುಗಳನ್ನು ಗುಡಿಸಿ, ಮಣ್ಣು ಸಗಣಿಗಳಿಂದ ಸಾರಿಸಿ ಚೆನ್ನಾಗಿ ಒಣಗಿಸಬೇಕು.

ಇನ್ನು ಸೊಪ್ಪಿನ ವಿಷಯ. ಹಸಿಯ ಸೊಪ್ಪನ್ನು ಹಾಗೆಯೇ ತುರುಕುವ ಅಭ್ಯಾಸವು ಎಲ್ಲಕ್ಕಿಂತ ಕೆಟ್ಟದು. ಅದರ ತೇವದಿಂದ ಕಾಳು ಬೂಷ್ಟು ಹಿಡಿಯುವುದು. ಬಿಸಿಲಿಗೆ ಹಾಕಿದರೆ ವಾಸನೆಯು ಹಾರಿಹೋಗುವುದು. ನೆರಳಿನಲ್ಲಿ ಗರಿಗರಿಯಾಗುವವರೆಗೆ ಒಣಗಿಸಿ, ವಾಡೆಯ ತಳದಲ್ಲಿಯೂ ನಡುನಡುವೆಯೂ ಬಾಯಿಯಲ್ಲಿಯೂ ಹರಡತಕ್ಕದ್ದು. ವಾಸನೆಯು ಕುಗ್ಗಿದಾಗ ಹೊಸ ಸೊಪ್ಪನ್ನು ಹಾಕಬೇಕು. ತಿಂಗಳಿಗೊಮ್ಮೆ ಒಂದು ಹಿಡಿ ಕಾಳನ್ನು ಹೊರತೆಗೆದು, ಅದರ ಮೇಲೆ ಬಿಳಿಯ ಚುಕ್ಕೆಗಳಂತಹ ಮೊಟ್ಟೆಗಳಿವೆಯೇ ಎಂದು ನೋಡತಕ್ಕದ್ದು. ಇದ್ದರೆ ತಡಮಾಡದೆ ಮತ್ತೆ ಬಿಸಿಲಿಗೆ ಹಾಕಬೇಕು.

ಬದುವಿನಲ್ಲಿ ಲಕ್ಕಿಯಿಲ್ಲದವರು ಮುಂಗಾರಿನ ಆರಂಭದಲ್ಲಿ ಬಲಿತ ಕಡ್ಡಿಗಳನ್ನು ಒಂದೊಂದು ಅಡಿ ಉದ್ದಕ್ಕೆ ಕತ್ತರಿಸಿ ನೆಟ್ಟರೆ ಸುಲಭವಾಗಿ ಬೇರು ಬಿಡುವುವು.