ಕ್ಯಾಮೆರಾ ಸಾಲದ ಆ ‘ಒಂಬತ್ತು ಪರ್ಸೆಂಟ್’

ಸಾಕ್ಷ್ಯಚಿತ್ರಕ್ಕೆ ಛಾಯಾಗ್ರಹಣ ಮಾಡುವ ಹುಡುಗ ಹುಡುಗಿಯರು ಸ್ವಂತ ಕ್ಯಾಮೆರಾ ಕೊಳ್ಳೋದಾ, ಬಾಡಿಗೆಗೆ ತರೋದಾ ಎಂದು ಕೇಳುತ್ತಾರೆ. ಕೊಳ್ಳುವುದಾದರೆ ದುಡ್ಡು ಎಲ್ಲಿಂದ ತರುತ್ತೀರಿ ಎಂಬುದು ನನ್ನ ಮರುಪ್ರಶ್ನೆ.

2014ರಲ್ಲಿ ಬಂದ ಸೋನಿ ಎಫ್‌ಎಸ್7 ನಮ್ಮ ವೃತ್ತಿಯಲ್ಲಿ ಮನೆಮಾತಾಗಿದ್ದ ಕಾಲ. ಲೆನ್ಸ್, ಟ್ರೈಪಾಡ್, ಬ್ಯಾಟರಿ ಸಮೇತ ನಾನೂ ಒಂದನ್ನು ಸಾಲ ಮಾಡಿ ತಂದೆ. ಆರು ಲಕ್ಷ, ಮೂರು ವರ್ಷ, ‘ಬರೀ ಒಂಬತ್ತು ಪರ್ಸೆಂಟ್ ಸಾರ್, ಫ್ಲ್ಯಾಟ್’.

ಆ ಒಂಬತ್ತನ್ನು ಬಿಡಿಸಿ ನೋಡೋಣ. ಆರು ಲಕ್ಷಕ್ಕೆ ವರ್ಷಕ್ಕೆ 54,000, ಮೂರು ವರ್ಷಕ್ಕೆ 1,62,000. ಅಸಲು ಸೇರಿ 7,62,000. ಮೂವತ್ತಾರು ಕಂತಿಗೆ ಹಂಚಿದರೆ ತಿಂಗಳಿಗೆ 21,167. ಇದೇ ಸಾಲ ಅದೇ 9%ಗೆ, ಉಳಿದ ಅಸಲಿನ ಮೇಲಷ್ಟೇ ಬಡ್ಡಿ ಹಾಕುವ ರೆಡ್ಯೂಸಿಂಗ್ ಬ್ಯಾಲೆನ್ಸ್‌ನಲ್ಲಿ ಸಿಕ್ಕಿದ್ದರೆ ಕಂತು 19,080; ಒಟ್ಟು ಬಡ್ಡಿ ಸುಮಾರು 87,000. ಅಂದರೆ 75,000 ರೂಪಾಯಿ ಹೆಚ್ಚು. ಎರಡು ವರ್ಷ ಕಟ್ಟಿದ ಮೇಲೆ ಅಸಲು ಎರಡೂವರೆ ಲಕ್ಷಕ್ಕಿಂತ ಕೆಳಗಿಳಿದಿರುತ್ತದೆ. ಬಡ್ಡಿ ಮಾತ್ರ ಇಡೀ ಆರು ಲಕ್ಷದ ಮೇಲೆ ನಡೆಯುತ್ತಲೇ ಇರುತ್ತದೆ. ನಿಜವಾದ ದರ 16% ದಾಟುತ್ತದೆ. ಪ್ರೊಸೆಸಿಂಗ್ ಫೀ ಬೇರೆ.

ಮುಂದಿನದು, ಈ ಹಣ ಮರಳಲು ಎಷ್ಟು ದಿನದ ಬಾಡಿಗೆ ಬೇಕೆಂಬ ಲೆಕ್ಕ. ಕಂತು ಮುಗಿಯುವ ಮುನ್ನವೇ, 2020ರ ಕೊನೆಗೆ, ಸೋನಿಯ ಹೊಸ ಮಾದರಿ ಎಫ್‌ಎಕ್ಸ್6 ಬಂತು. ನಿರ್ಮಾಪಕರು ಅದನ್ನೇ ಕೇಳತೊಡಗಿದರು, ನನ್ನ ಕ್ಯಾಮೆರಾದ ಬೆಲೆ ಇಳಿಯಿತು. ಕಿಟ್ ಎರಡು ಲಕ್ಷಕ್ಕೆ ಮಾರಾಟವಾದರೂ ಕೈಬಿಟ್ಟು ಹೋದದ್ದು 5,62,000. ದಿನಕ್ಕೆ 5,000 ಬಾಡಿಗೆ ಎಂದಿಟ್ಟುಕೊಂಡರೆ ಮೂರು ವರ್ಷದಲ್ಲಿ 113 ದಿನ, ಅಂದರೆ ವರ್ಷಕ್ಕೆ 38 ದಿನ, ಬಿಲ್ ಆಗಲೇಬೇಕು. ಶೂಟಿಂಗ್ ಆದರೆ ಸಾಲದು, ಬಿಲ್ ಆಗಬೇಕು. ಸಾಕ್ಷ್ಯಚಿತ್ರದಲ್ಲಿ ಇವೆರಡರ ನಡುವೆ ದೊಡ್ಡ ಕಂದಕವಿದೆ.

ಇಷ್ಟಾದರೂ ಸ್ವಂತ ಕ್ಯಾಮೆರಾ ಬೇಡವೆಂದು ನಾನು ಹೇಳಲಾರೆ. ಸರ್ಕಾರಿ ಸಾಕ್ಷ್ಯಚಿತ್ರಗಳನ್ನು ತಯಾರಿಸಲು 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್‌ನಲ್ಲಿ ಛಾಯಾಗ್ರಾಹಕರು ಸಂಬಳದ ನೌಕರರಾಗಿದ್ದರು, ಕ್ಯಾಮೆರಾ ಸರ್ಕಾರದ್ದು. 2022ರಲ್ಲಿ ಅದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮವಾದ ಎನ್‌ಎಫ್‌ಡಿಸಿಯಲ್ಲಿ ವಿಲೀನವಾಯಿತು. ಈಗ ನಾವು ಬಹುಪಾಲು ಫ್ರೀಲಾನ್ಸರ್‌ಗಳು. ಕಾನೂನಿನಲ್ಲಿ ಚಿತ್ರದ ಕರ್ತೃ ನಿರ್ಮಾಪಕ. 2012ರ ಕಾಪಿರೈಟ್ ತಿದ್ದುಪಡಿ ಗೀತರಚನಕಾರರ, ಸಂಗೀತಗಾರರ ರಾಯಧನ ಕಾಯಿತೇ ಹೊರತು ನಮ್ಮದನ್ನಲ್ಲ. ಚಿತ್ರ ಇಪ್ಪತ್ತು ವರ್ಷ ಓಡಿದರೂ ನಮಗೆ ಸಿಗುವುದು ಅಂದಿನ ದಿನಗೂಲಿ. ಮೈಮುರಿದು ದುಡಿಯದೆ ಬರುವ ಆದಾಯವೆಂದರೆ ಕ್ಯಾಮೆರಾ ಬಾಡಿಗೆಯೊಂದೇ. ಇನ್ನೊಂದು ಕಾರಣವೂ ಇದೆ. ನಿರ್ದೇಶಕಿ ಕಾರ್ತಿಕಿ ಗೊನ್ಸಾಲ್ವಿಸ್ ಮುದುಮಲೈನ ತೆಪ್ಪಕಾಡಿನಲ್ಲಿ ಆನೆಮರಿಯ ಬೆನ್ನುಹತ್ತಿ ವರ್ಷಗಟ್ಟಲೆ ಕಳೆದಿದ್ದರಿಂದ ‘ದಿ ಎಲಿಫೆಂಟ್ ವಿಸ್ಪರರ್ಸ್’ ಸಾಕ್ಷ್ಯಚಿತ್ರ ಆಯಿತು, 2023ರಲ್ಲಿ ಆಸ್ಕರ್ ಬಂತು. ಅಂಥ ಕಾಯುವಿಕೆಯನ್ನು ದಿನದ ಬಾಡಿಗೆಯ ಕ್ಯಾಮೆರಾದಲ್ಲಿ ಮಾಡಲಾಗದು. ನಾನು ಕೊಂಡದ್ದೂ ಅಂಥದೊಂದು ಕೆಲಸಕ್ಕೇ.

ಹಾಗಾಗಿ ನನ್ನ ಸಿಟ್ಟು ಕ್ಯಾಮೆರಾದ ಮೇಲಲ್ಲ, ಆ ಫ್ಲ್ಯಾಟ್ ದರದ ಮೇಲೆ. ಮುಂಚಿತವಾಗಿ ತೀರಿಸಹೋದರೆ ಅದಕ್ಕೂ ದಂಡ! ದುಡಿಯುವವರ ಕಣ್ಣಿಗೆ ಮಣ್ಣೆರಚುವುದಕ್ಕಲ್ಲದೆ ಈ ಲೆಕ್ಕಕ್ಕೆ ಬೇರೆ ಉದ್ದೇಶವೇ ಇಲ್ಲ. ಫ್ಲ್ಯಾಟ್ ಎಂಬ ಮಾತು ಬಂದರೆ ಎದ್ದು ಬನ್ನಿ. 2024ರ ಅಕ್ಟೋಬರ್‌ನಿಂದ ಸಾಲ ಕೊಡುವವರು ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್‌ನಲ್ಲಿ ಎಪಿಆರ್, ಅಂದರೆ ಶುಲ್ಕಗಳೂ ಸೇರಿದ ನಿಜವಾದ ವಾರ್ಷಿಕ ದರವನ್ನು, ತೋರಿಸಲೇಬೇಕು. ಆ ಒಂದು ಅಂಕಿಯನ್ನು ಓದದೆ ಸಹಿ ಹಾಕಬೇಡಿ. ಅರ್ಧ ಹಣ ಕೂಡಿಬರುವವರೆಗೆ ಬಾಡಿಗೆಯಲ್ಲೇ ಕೆಲಸ ಮಾಡಿ. ಕೊಳ್ಳುವಾಗ ಲೆನ್ಸಿಗೆ ಹೆಚ್ಚು ಇಡಿ, ಕ್ಯಾಮೆರಾಕ್ಕೆ ಕಡಿಮೆ. ಲೆನ್ಸ್ ಮೂರು ಕ್ಯಾಮೆರಾಗಳ ಕಾಲ ಬಾಳುತ್ತದೆ.

ಬಿಲ್ ಬರೆಯುವ ಶಿಸ್ತೂ ಬೇಕು. ಎಷ್ಟೋ ಜನ ಶೂಟಿಂಗ್ ಮುಗಿಸಿ ಬಂದು ತಿಂಗಳಾದರೂ ಇನ್‌ವಾಯ್ಸ್ ಕಳಿಸುವುದಿಲ್ಲ. ಪೇಮೆಂಟ್ ತಡವಾಯಿತೆಂದು ಆಮೇಲೆ ಗೊಣಗುತ್ತಾರೆ. ಮುಗಿದ ರಾತ್ರಿಯೇ ಕಳಿಸಿ. ಸಂಭಾವನೆ ಒಂದು ಸಾಲು, ಕ್ಯಾಮೆರಾ ಬಾಡಿಗೆ ಇನ್ನೊಂದು ಸಾಲು. ಸಂಭಾವನೆಗೆ ಟಿಡಿಎಸ್ 10%, ಉಪಕರಣದ ಬಾಡಿಗೆಗೆ 2%. ಎರಡನ್ನೂ ಕಲಸಿ ಬರೆದರೆ ಎಲ್ಲಕ್ಕೂ ಹತ್ತು ಹಿಡಿದು, ರಿಫಂಡ್‌ಗಾಗಿ ಕಾಯಿಸುತ್ತಾರೆ.

ಕಿರು, ಸಣ್ಣ ಉದ್ಯಮಗಳಿಗೆ ಸರ್ಕಾರ ಕೊಡುವ ಉದ್ಯಮ್ ನೋಂದಣಿ ಉಚಿತ, ಮಾಡಿಸಿಕೊಳ್ಳಿ. ನೋಂದಾಯಿತ ಕಿರು ಉದ್ಯಮಕ್ಕೆ ಒಪ್ಪಂದ ಏನೇ ಇದ್ದರೂ ಹಣ 45 ದಿನದೊಳಗೆ ಬರಬೇಕು. ತಡವಾದರೆ ಬ್ಯಾಂಕ್ ದರದ ಮೂರು ಪಟ್ಟು ಬಡ್ಡಿ, ಅದೂ ಚಕ್ರಬಡ್ಡಿ. ಆ ಬಡ್ಡಿಯನ್ನು ನಾನಿನ್ನೂ ಯಾರಿಂದಲೂ ವಸೂಲಿ ಮಾಡಿಲ್ಲ. ಆದರೆ ಇನ್‌ವಾಯ್ಸ್‌ನ ಕೆಳಗೆ ಉದ್ಯಮ್ ಸಂಖ್ಯೆ ಬರೆಯತೊಡಗಿದ ಮೇಲೆ ಅಕೌಂಟ್ಸ್ ವಿಭಾಗದವರು ತಾವಾಗಿಯೇ ಫೋನ್ ಮಾಡುತ್ತಿದ್ದಾರೆ.