ಜಂಗಮ ಶಬ್ದದ ಅರ್ಥವಿಚಾರ



ಕೆಲವು ತಿಂಗಳುಗಳ ಹಿಂದೆ ಕೊಣ್ಣೂರಿನ ಹಿರಿಯ ಗೃಹಸ್ಥರೊಬ್ಬರು ತಮ್ಮ ಮನೆಯ ಹಳೆಯ ವಾಟಣಿಪತ್ರವೊಂದನ್ನು ಹಿಡಿದುಕೊಂಡು ನಮ್ಮ ಪಾಠಶಾಲೆಗೆ ಬಂದರು. ಅವರ ಅಜ್ಜನೂ ಅಜ್ಜನ ತಮ್ಮನೂ ಬೇರೆಯಾದಾಗ ಬರೆಯಿಸಿದ ಪತ್ರವದು. ಬೆಳಗಾವಿ ಜಿಲ್ಲೆಯು 1956ರ ನವೆಂಬರ 1ರಂದು ಕನ್ನಡನಾಡಿನಲ್ಲಿ ಕೂಡುವವರೆಗೆ ಮುಂಬಯಿ ಆಡಳಿತದಲ್ಲಿದ್ದುದರಿಂದ ನಮ್ಮ ಕಡೆಯ ಅನೇಕ ಮನೆಗಳ ಹಳೆಯ ಕಾಗದಗಳು ಮರಾಠಿಯಲ್ಲಿವೆ. ಇದೂ ಹಾಗೆಯೇ ಇತ್ತು. ಅದರಲ್ಲಿ ‘ಸ್ಥಾವರ ಜಂಗಮ ಮಿಳಕತ’ಯನ್ನು ಅಣ್ಣತಮ್ಮಂದಿರು ಸರಿಪಾಲಾಗಿ ಹಂಚಿಕೊಂಡರೆಂದು ಬರೆದಿತ್ತು. ಆ ಹಿರಿಯರು ಬೆರಳಿಟ್ಟು ಆ ಸಾಲನ್ನು ತೋರಿಸಿ, “ಗುರುಗಳ, ನಮ್ಮ ಹಿರ್ಯಾರು ಹೊಲಾ ಮನಿ ಹಂಚಕೊಂಡಿದ್ದು ತಿಳೀತೈತ್ರಿ. ಜಂಗಮರನ್ನೂ ಅರ್ಧಾ ಅರ್ಧಾ ಹಂಚಕೊಂಡಾರಲ್ರಿ, ಇದ ಹೆಂಗ್ರಿ?” ಎಂದು ಕೇಳಿದರು.

ಹತ್ತಿರದಲ್ಲಿದ್ದ ವಿದ್ಯಾರ್ಥಿಗಳು ನಕ್ಕರು; ಅವರೂ ನಕ್ಕರು. ಇಲ್ಲಿ ಜಂಗಮವೆಂದರೆ ಎತ್ತು, ಬಂಡಿ, ಹಂಡೆ, ಕೊಡ, ಬಂಗಾರ ಮೊದಲಾದ, ಎತ್ತಿ ಒಯ್ಯಬಹುದಾದ ಆಸ್ತಿಯೆಂದು ನಾನು ತಿಳಿಸಿದೆನು. ನಗು ನಿಂತ ಮೇಲೆ ಅವರು ತುಸು ಹೊತ್ತು ಸುಮ್ಮನಿದ್ದು, “ಹಂಗ ನೋಡಿದ್ರ ಅದ ಸುಳ್ಳೇನಲ್ರಿ. ಅಯ್ಯನವರು ಮೊದಲ ನಮ್ಮ ಮನಿಗೆ ಬರಬೇಕು, ಮೊದಲ ನಮ್ಮ ಮನಿಗೆ ಬರಬೇಕಂತ ಹಟಾ ಮಾಡಿ ಎರಡೂ ಮನಿಯವ್ರು ಮಾತು ಬಿಟ್ಟು ಎರಡು ವರ್ಷಾತ್ರಿ” ಎಂದರು.

ಆ ಮಾತು ನನ್ನ ಮನಸ್ಸಿನಲ್ಲಿ ನಿಂತಿತು. ಒಂದೇ ಶಬ್ದವು ನುಡಿಯಿಂದ ನುಡಿಗೆ ಹೋದಂತೆ ಅರ್ಥ ಬದಲಿಸುವುದು ಸಹಜ. ಆದರೆ ನುಡಿ ಬದಲಾಗದೆಯೇ, ನಮ್ಮ ಮನೆಯೊಳಗೇ, ನಮ್ಮ ನಾಲಗೆಯ ಮೇಲೆಯೇ ಅರ್ಥವು ಬದಲಾಗಿಬಿಟ್ಟರೆ ಅದು ಎಚ್ಚರಪಡಬೇಕಾದ ಸಂಗತಿ. ಆದಕಾರಣ ಈ ಸಾರೆ ಜಂಗಮ ಶಬ್ದವನ್ನೇ ವಿಚಾರಕ್ಕೆ ತೆಗೆದುಕೊಂಡಿದ್ದೇನೆ.

ಧಾತುವಿಚಾರ

ಸಂಸ್ಕೃತದಲ್ಲಿ ಗಮ್ ಎಂಬ ಧಾತುವಿಗೆ ಹೋಗುವುದು ಎಂದರ್ಥ. ಅದಕ್ಕೆ ಯಙ್ ಪ್ರತ್ಯಯವು ಸೇರಿ ಲೋಪವಾಗಿ, ಧಾತುವು ದ್ವಿತ್ವ ಹೊಂದಿ ಜಂಗಮ ಶಬ್ದವು ಸಿದ್ಧಿಸುತ್ತದೆ. ಈ ಪ್ರತ್ಯಯವು ಬಂದಾಗ ಸಾಮಾನ್ಯವಾಗಿ ಕ್ರಿಯೆಯು ಮರಮರಳಿ ನಡೆಯುವುದೆಂಬ ಅರ್ಥ ಬರುತ್ತದೆ. ಆದರೆ ಗತಿಯನ್ನು ಹೇಳುವ ಧಾತುಗಳಿಗೆ ಬಂದಾಗ ಬಳಸಿ ಬಳಸಿ ಹೋಗುವುದು, ಅರ್ಥಾತ್ ವಕ್ರಗತಿ, ಎಂಬ ಅರ್ಥವನ್ನೇ ಪಾಣಿನಿಯು ವಿಧಿಸಿದ್ದಾನೆ. ನಮ್ಮ ಘಟಪ್ರಭೆಯನ್ನೇ ನೋಡಿರಿ. ಗೋಕಾಕದ ಬಳಿ ಸುಮಾರು 52 ಮೀಟರು ಎತ್ತರದಿಂದ ಧುಮುಕಿ, ಊರೂರು ಬಳಸಿ, ಹೊಲಹೊಲ ತಣಿಸಿ ಚಿಕ್ಕಸಂಗಮದಲ್ಲಿ ಕೃಷ್ಣೆಯನ್ನು ಕೂಡುತ್ತದೆ. ನೇರವಾಗಿ ಹೋಗಿದ್ದರೆ ಬೇಗ ಮುಟ್ಟುತ್ತಿದ್ದಿತು. ಆದರೆ ಇಷ್ಟು ಊರುಗಳಿಗೆ ನೀರು ಸಿಗುತ್ತಿರಲಿಲ್ಲ. ಜಂಗಮದ ಗತಿಯೂ ಇಂಥದೆಂದು ತಿಳಿಯಬಹುದು.

ಅಮರಕೋಶವು ಚರ, ಚರಿಷ್ಣು ಮೊದಲಾದ ಶಬ್ದಗಳ ಜೊತೆಯಲ್ಲಿ ಜಂಗಮವನ್ನೂ ಎಣಿಸಿದೆ. ಇದಕ್ಕೆ ಪ್ರತಿಯಾದುದು ಸ್ಥಾವರ. ನಿಲ್ಲು ಎಂಬ ಅರ್ಥದ ಸ್ಥಾ ಧಾತುವಿನಿಂದ ಬಂದುದು. ಗಿಡಮರ, ಗುಡ್ಡಬೆಟ್ಟಗಳು ಸ್ಥಾವರ. ಮನುಷ್ಯರು, ಪಶುಪಕ್ಷಿಗಳು ಜಂಗಮ. ಆಯುರ್ವೇದದಲ್ಲಿಯೂ ಈ ವಿಭಾಗವುಂಟು. ಹಾಲು, ಜೇನು ಮುಂತಾಗಿ ಪ್ರಾಣಿಗಳಿಂದ ದೊರೆಯುವ ದ್ರವ್ಯಗಳನ್ನು ಚರಕಸಂಹಿತೆಯು ಜಂಗಮವೆಂದು ಕರೆದಿದೆ. ಬೇರು, ಕಾಯಿಗಳ ವಿಷವು ಸ್ಥಾವರವಿಷ. ಹಾವು ಚೇಳುಗಳ ವಿಷವು ಜಂಗಮವಿಷ. ಜಂಗಮವೆಂದೊಡನೆ ಕೈಮುಗಿಯುವ ನಮಗೆ ವೈದ್ಯಗ್ರಂಥದಲ್ಲಿ ಜಂಗಮವಿಷವೆಂಬುದನ್ನು ಕಂಡು ಎದೆ ಝಲ್ಲೆನ್ನಬಹುದು. ಆದರೆ ಅಲ್ಲಿ ನಿಂದೆಯೂ ಇಲ್ಲ, ಸ್ತುತಿಯೂ ಇಲ್ಲ. ಚಲಿಸುವುದು ಎಂಬಷ್ಟೇ ಅರ್ಥ.

ಶಬ್ದವು ಅರ್ಥವನ್ನು ಕೊಡುವ ಬಗೆಯನ್ನು ಶಾಸ್ತ್ರಕಾರರು ವಿಂಗಡಿಸಿದ್ದಾರೆ. ಧಾತು ಪ್ರತ್ಯಯಗಳಿಂದ ಹೊರಡುವ ಅರ್ಥವು ಯೌಗಿಕ. ಅಡುಗೆ ಮಾಡುವವನು ಪಾಚಕನು. ಜನರ ಬಳಕೆಯಿಂದ ನಿಂತ ಅರ್ಥವು ರೂಢ. ಎರಡೂ ಕೂಡಿದರೆ ಯೋಗರೂಢ. ಕೆಸರಿನಲ್ಲಿ ಹುಟ್ಟುವುವು ಎಷ್ಟೋ ಉಂಟು. ಪಂಕಜವೆಂದರೆ ಮಾತ್ರ ತಾವರೆಯೇ. ಹಾಗೆಯೇ ಚಲಿಸುವುವು ಲೋಕದಲ್ಲಿ ಎಷ್ಟೋ ಉಂಟು. ಶರಣರ ನುಡಿಯಲ್ಲಿ ಜಂಗಮವೆಂದರೆ ಗುರು ಲಿಂಗಗಳ ಸಾಲಿನಲ್ಲಿ ನಿಲ್ಲುವ ಚೈತನ್ಯಮೂರ್ತಿ. ಅದು ಯೋಗರೂಢ. ಇಲ್ಲಿ ಒಂದು ಎಚ್ಚರ ಬೇಕು. ಯೋಗರೂಢ ಶಬ್ದದಲ್ಲಿ ರೂಢಿಯೊಂದನ್ನೇ ಉಳಿಸಿ ಯೋಗಾರ್ಥವನ್ನು ಬಿಟ್ಟುಬಿಡಲಾಗದು. ತಾವರೆಯು ಕೆಸರಿನಲ್ಲಿ ಹುಟ್ಟಿಯೇ ಇರಬೇಕು. ಜಂಗಮವು ಚಲಿಸಿಯೇ ಇರಬೇಕು.

ನೆರೆನುಡಿಗಳಲ್ಲಿ

ಇನ್ನು ಈ ಶಬ್ದವು ನಾಡುನಾಡುಗಳಲ್ಲಿ ಪಡೆದ ರೂಪವನ್ನು ನೋಡೋಣ. ಮರಾಠಿ, ಗುಜರಾತಿ, ಮಲಯಾಳ ಭಾಷೆಗಳಲ್ಲಿ ಆಸ್ತಿಯನ್ನು ಸ್ಥಾವರ, ಜಂಗಮವೆಂದೇ ಹೇಳುವ ವಾಡಿಕೆಯುಂಟು. ಭಾರತದ ಕಾಯಿದೆಗಳ ಹಿಂದಿ ಪಾಠದಲ್ಲಿಯೂ ಹೊಲ ಮನೆಗಳು ಸ್ಥಾವರ ಸಂಪತ್ತಿ, ಉಳಿದುದು ಜಂಗಮ ಸಂಪತ್ತಿ. ಕನ್ನಡದ ಕಚೇರಿಗಳಲ್ಲಿ ಈಗ ಸ್ಥಿರಾಸ್ತಿ, ಚರಾಸ್ತಿ ಎಂಬ ಮಾತುಗಳು ಬಳಕೆಯಲ್ಲಿವೆ. ಆದರೆ ಚರವೂ ನಮಗೆ ಪವಿತ್ರವಾದ ಶಬ್ದವೇ. ಚರಲಿಂಗವೆನ್ನುತ್ತೇವೆ, ಸಂಚಾರಶೀಲರಾದ ಸ್ವಾಮಿಗಳನ್ನು ಚರಮೂರ್ತಿಗಳೆನ್ನುತ್ತೇವೆ.

ಈ ಕಾಯಿದೆಯ ಅರ್ಥದಲ್ಲಿ ಒಂದು ಸೂಕ್ಷ್ಮವುಂಟು. ಸಂಸ್ಕೃತದ ಮೂಲಾರ್ಥದಲ್ಲಿ ಜಂಗಮವು ತಾನಾಗಿ ಚಲಿಸುವುದು. ವಾಟಣಿಪತ್ರದ ಜಂಗಮವಾದರೋ ಬಹುಮಟ್ಟಿಗೆ ತಾನಾಗಿ ಚಲಿಸದು. ಹಂಡೆಗೆ ಕಾಲಿಲ್ಲ, ಬಂಗಾರದ ಸರವು ನಡೆಯಲಾರದು. ಒಡೆಯನು ಒಯ್ದಲ್ಲಿಗೆ ಅವು ಹೋಗುತ್ತವೆ, ಇಟ್ಟಲ್ಲಿ ಇರುತ್ತವೆ. ಅಲ್ಲಿ ಜಂಗಮವೆಂದರೆ ಚಲಿಸುವುದಲ್ಲ, ಚಲಿಸಲ್ಪಡುವುದು. ಅಕ್ಷರಗಳು ಅವೇ, ಒಡೆತನವು ಸೇರಿಕೊಂಡೊಡನೆ ಅರ್ಥವು ತಿರುಗಿ ನಿಂತಿತು.

ಇದರಿಂದ ಮರಾಠಿಗರಿಗೆ ನಮ್ಮ ಅರ್ಥವು ತಿಳಿಯದೆಂದು ಭಾವಿಸಬಾರದು. ಬೀಡ ಜಿಲ್ಲೆಯ ಕಪಿಲಧಾರದಲ್ಲಿ ನೆಲೆಗೊಂಡ ಮನ್ಮಥಸ್ವಾಮಿಗಳು ‘ಪರಮರಹಸ್ಯ’ವೆಂಬ ಗ್ರಂಥದಲ್ಲಿ ವೀರಶೈವ ತತ್ತ್ವಗಳನ್ನು ಮರಾಠಿಯಲ್ಲಿಯೇ ನಿರೂಪಿಸಿದ್ದಾರೆ. ಒಂದೇ ನುಡಿಯು ಕಚೇರಿಯಲ್ಲಿ ಒಂದರ್ಥವನ್ನೂ ಮಠದಲ್ಲಿ ಇನ್ನೊಂದರ್ಥವನ್ನೂ ಕಾಪಾಡಿಕೊಂಡು ಬಂದಿದೆ.

ತೆಲುಗುನಾಡಿಗೆ ಹೋಗೋಣ. 13ನೆಯ ಶತಮಾನದ ಪಾಲ್ಕುರಿಕೆ ಸೋಮನಾಥನು ತೆಲುಗಿನಲ್ಲಿ ಬಸವಪುರಾಣವನ್ನು ರಚಿಸಿದನು. ಅದನ್ನು ಭೀಮಕವಿಯು 1369ರಲ್ಲಿ ಕನ್ನಡಕ್ಕೆ ತಂದನು. ಜಂಗಮಭಕ್ತಿಯ ಕಥೆಗಳು ಹೀಗೆ ಎರಡೂ ನಾಡುಗಳಲ್ಲಿ ಓಡಾಡಿದವು. ತೆಲುಗು ಹಳ್ಳಿಗರಿಗೆ ಜಂಗಮದೇವರೆಂದರೆ ಶಂಖ ಊದುತ್ತ, ಗಂಟೆ ಬಾರಿಸುತ್ತ ಬಾಗಿಲಿಗೆ ಬರುವ ಭಿಕ್ಷುಕನು. ಕಥೆ ಹೇಳುವ ಕಲೆಗೂ ಆ ಹೆಸರು ಅಂಟಿ, ‘ಜಂಗಂ ಕಥೆ’ ಎನಿಸಿಕೊಂಡಿತು. ಅಲ್ಲಿ ಈ ಶಬ್ದದಲ್ಲಿ ಹಾಡೂ ಅಲೆದಾಟವೂ ಮುಖ್ಯವಾದವು.

ಇನ್ನೂ ಉತ್ತರಕ್ಕೆ, ಹರಿಯಾಣದ ಕುರುಕ್ಷೇತ್ರದ ಕಡೆ ಜಂಗಮರೆಂಬ ಗಾಯಕರಿದ್ದಾರೆ. ತಲೆಯ ಮೇಲೆ ನವಿಲುಗರಿ ಧರಿಸಿ, ಕುಂಭಮೇಳಗಳಲ್ಲಿ ಸಾಧುಗಳ ಮುಂದೆ ಶಿವವಿವಾಹದ ಕಥೆಯನ್ನು ಹಾಡಿ, ಕೊಟ್ಟ ಕಾಣಿಕೆಯನ್ನು ಗಂಟೆಯಲ್ಲಿ ಸ್ವೀಕರಿಸುತ್ತಾರೆ. ಮದುವೆಯ ದಾನವನ್ನು ಬ್ರಹ್ಮವಿಷ್ಣುಗಳು ಒಲ್ಲೆನಲು ಶಿವನು ತನ್ನ ತೊಡೆಯಿಂದ ತಮ್ಮ ಮೂಲಪುರುಷನನ್ನು ಸೃಜಿಸಿದನೆಂದು ಅವರ ಐತಿಹ್ಯ. ಹಿಂದಿಯಲ್ಲಿ ಜಾಂಘ ಎಂದರೆ ತೊಡೆ. ಅದರ ಮೂಲವಾದ ಸಂಸ್ಕೃತದ ಜಂಘಾ ಎಂದರೆ ಮೊಣಕಾಲಿನ ಕೆಳಭಾಗ. ವ್ಯಾಕರಣವು ಈ ವ್ಯುತ್ಪತ್ತಿಯನ್ನು ಒಪ್ಪದು. ಆದರೂ ನಡೆಯುವ ಅಂಗದಿಂದಲೇ ಜಂಗಮನು ಹುಟ್ಟಿದನೆಂದು ಜನರು ಕಲ್ಪಿಸಿಕೊಂಡುದು ಅರ್ಥಹೀನವಲ್ಲ.

ಕಾಶಿಯಲ್ಲಿ ಜಂಗಮವೆಂಬುದು ಒಂದು ಮೊಹಲ್ಲಾದ ಹೆಸರಿನಲ್ಲಿಯೇ ಸೇರಿದೆ. ಅಲ್ಲಿಯ ಜಂಗಮವಾಡಿ ಮಠದಲ್ಲಿ ಮೊಗಲ ಬಾದಶಹರ ಕಾಲದ ಪಾರಸಿ ಫರಮಾನುಗಳುಂಟು. ಅವು ಮಠಕ್ಕೆ ಭೂಮಿಯನ್ನು ಬಿಟ್ಟುಕೊಟ್ಟ ಪತ್ರಗಳು. ಜಂಗಮಕ್ಕೆ ಸ್ಥಾವರವು ದಾನವಾಗಿ ಬಂದುದರ ಸಾಕ್ಷಿಯಿದು. ಭೂಮಿ ಬಂದುದು ದೋಷವಲ್ಲ. ಆ ಭೂಮಿಯಿಂದ ಅನ್ನದಾನ, ವಿದ್ಯಾದಾನಗಳು ನಡೆದರೆ ಸ್ಥಾವರವೂ ಜಂಗಮದ ಕಾರ್ಯವನ್ನು ಮಾಡಿದಂತಾಯಿತು.

ಶರಣರ ಪ್ರಯೋಗ

ಈಗ ನಮ್ಮ ಮನೆಗೆ ಮರಳೋಣ. 12ನೆಯ ಶತಮಾನದ ಕಲ್ಯಾಣದಲ್ಲಿ ಈ ಹಳೆಯ ಶಬ್ದಕ್ಕೆ ಹೊಸ ಪ್ರಾಣವು ಬಂದಿತು. ಸಿರಿವಂತರು ಕಲ್ಲಿನ ಗುಡಿಯನ್ನು ಎಬ್ಬಿಸಬಲ್ಲರು, ಏನೂ ಇಲ್ಲದವನು ತನ್ನ ಒಡಲನ್ನೇ ಗುಡಿಯಾಗಿ ಮಾಡಬಲ್ಲನು ಎಂಬ ಭಾವದ ಬಸವಣ್ಣನವರ ವಚನವನ್ನು ಅರಿಯದವರಿಲ್ಲ. ಅದರ ಕೊನೆಯಲ್ಲಿ ಅವರು ಸ್ಥಾವರಕ್ಕೆ ಅಳಿವನ್ನೂ ಜಂಗಮಕ್ಕೆ ಅಳಿವಿಲ್ಲದ ನಿಲುವನ್ನೂ ಹೇಳಿದ್ದಾರೆ. ಲೋಕದ ಲೆಕ್ಕವು ಇದಕ್ಕೆ ತೀರ ವಿರುದ್ಧ. ಹೊಲ ಮನೆ ಉಳಿಯುತ್ತದೆ, ದುಡ್ಡು ಓಡಿಹೋಗುತ್ತದೆ ಎಂದು ಲೋಕವು ಸ್ಥಾವರವನ್ನೇ ನಂಬುತ್ತದೆ. ಎ. ಕೆ. ರಾಮಾನುಜನ್ ಅವರು 1973ರಲ್ಲಿ ಪ್ರಕಟಿಸಿದ ವಚನಗಳ ಇಂಗ್ಲೀಷ್ ಅನುವಾದದ ಪ್ರಸ್ತಾವನೆಯಲ್ಲಿ ಈ ಎರಡು ಶಬ್ದಗಳನ್ನು ವಿಸ್ತಾರವಾಗಿ ವಿವರಿಸಬೇಕಾಯಿತು. ಚಲಿಸುವುದು, ಜೀವಂತವಾದುದು, ಸಂಚರಿಸುವ ಶಿವಸ್ವರೂಪಿ ಎಂಬೀ ಅರ್ಥಗಳೆಲ್ಲವನ್ನೂ ಹೊರುವ ಒಂದು ಶಬ್ದವು ಆ ನುಡಿಯಲ್ಲಿಲ್ಲ.

ಬಸವಣ್ಣನವರು ಅಷ್ಟಕ್ಕೇ ನಿಲ್ಲಲಿಲ್ಲ. ಮರಕ್ಕೆ ನೀರು ಬೇಕಾದರೆ ಬೇರಿಗೆರೆಯಬೇಕು. ಲಿಂಗಕ್ಕೆ ಅರ್ಪಿತವಾಗಬೇಕಾದರೆ ಜಂಗಮಕ್ಕೆ ನೀಡಬೇಕೆಂದರು. ಕಲ್ಲಿನ ನಾಗನಿಗೆ ಹಾಲೆರೆದು, ಉಣ್ಣಬಲ್ಲವನು ಬಾಗಿಲಿಗೆ ಬಂದರೆ ಮುಂದೆ ಹೋಗೆನ್ನುವ ನಮ್ಮ ನಡತೆಯನ್ನು ತೋರಿಸಿ ನಾಚಿಸಿದರು. ಅಲ್ಲಿ ಜಂಗಮದ ಗುರುತೇನು? ಹಸಿವು. ಅವನು ಉಣ್ಣುತ್ತಾನೆ, ನುಡಿಯುತ್ತಾನೆ, ನಮ್ಮನ್ನು ಪ್ರಶ್ನಿಸುತ್ತಾನೆ; ಕಲ್ಲು ಇವಾವುದನ್ನೂ ಮಾಡದು.

ಶೂನ್ಯಸಂಪಾದನೆಯಲ್ಲಿ ಬರುವ ನುಲಿಯ ಚಂದಯ್ಯನವರ ಪ್ರಸಂಗವು ಇದನ್ನೇ ಸಾರುತ್ತದೆ. ಹುಲ್ಲು ಕೊಯ್ದು, ಹಗ್ಗ ಹೊಸೆದು ಮಾರಿ, ಬಂದುದರಿಂದ ಜಂಗಮದಾಸೋಹವನ್ನು ನಡೆಸುತ್ತಿದ್ದ ಕಾಯಕದವರು ಅವರು. ಒಂದು ದಿನ ಹುಲ್ಲು ಕೊಯ್ಯುವಾಗ ಅವರ ಇಷ್ಟಲಿಂಗವು ಜಾರಿ ನೀರಿಗೆ ಬಿದ್ದಿತು. ಜಂಗಮಸೇವೆಗೆ ಹೊತ್ತಾಗುವುದೆಂದು ಅವರು ಅದನ್ನು ಗಣಿಸದೆ ಹುಲ್ಲಿನ ಹೊರೆ ಹೊತ್ತು ನಡೆದರು. ಲಿಂಗವೇ ಬೆನ್ನು ಹತ್ತಿ ಬಂದಿತಂತೆ. ಇದು ಲಿಂಗವನ್ನು ಕಡೆಗಣಿಸಿರೆಂಬ ಬೋಧೆಯಲ್ಲ. ಸೇವೆಯು ನಿಂತಲ್ಲಿ ಪೂಜೆಯು ನಿಲ್ಲಲಾರದೆಂಬುದೇ ಅದರ ಇಂಗಿತ. ಅವರೇ ಇನ್ನೊಂದೆಡೆಯಲ್ಲಿ ಗುರುವಿಗೂ ಲಿಂಗಕ್ಕೂ ಜಂಗಮಕ್ಕೂ ಕಾಯಕವು ತಪ್ಪಿದ್ದಲ್ಲವೆಂಬ ಅಭಿಪ್ರಾಯವನ್ನು ಹೇಳಿದ್ದಾರೆ. ಹೊಟ್ಟೆಯ ಪಾಡಿಗಾಗಿ ವೇಷ ತೊಟ್ಟು ಸುತ್ತುವವರನ್ನು ಶರಣರು ಕಠಿಣವಾಗಿ ನುಡಿದುದೂ ಇದಕ್ಕಾಗಿಯೇ. ಅರಿವು ಆಚಾರಗಳಿಲ್ಲದ ತಿರುಗಾಟವು ಜಂಗಮವಲ್ಲ. ಅದು ಬರಿಯ ಅಲೆದಾಟ.

ಗೃಹಸ್ಥರಿಗೆ ನಾಲ್ಕು ಮಾತು

ಇಷ್ಟು ವಿಚಾರ ಮಾಡಿದ ಮೇಲೆ ಎರಡರ್ಥಗಳ ಭೇದವು ಸ್ಪಷ್ಟವಾಗುವುದು. ವಾಟಣಿಪತ್ರದ ಜಂಗಮವು ನಾವು ಇಟ್ಟುಕೊಳ್ಳುವಂಥದು. ಶರಣರ ಜಂಗಮವು ನಮ್ಮಲ್ಲಿ ಇದ್ದುದನ್ನು ಬಿಡಿಸಿಕೊಳ್ಳುವಂಥದು. ಒಂದಕ್ಕೆ ನಾವು ಒಡೆಯರು. ಇನ್ನೊಂದರ ಮುಂದೆ ನಾವು ಭೃತ್ಯರು.

‘ನಮ್ಮ ಅಯ್ಯನವರು’ ಎಂದು ಪ್ರೀತಿಯಿಂದ ಹೇಳುವುದು ತಪ್ಪಲ್ಲ. ಮಗುವು ‘ನಮ್ಮ ಅವ್ವ’ ಎಂದಂತೆ ಅದು. ಆದರೆ ‘ನಮ್ಮವರು, ನಿಮ್ಮವರಲ್ಲ’ ಎಂದೊಡನೆ ಪೂಜ್ಯರನ್ನು ಹಂಡೆ ಕೊಡಗಳ ಪಂಕ್ತಿಯಲ್ಲಿ ಕೂಡ್ರಿಸಿದಂತಾಯಿತು. ಕರೆಸುವುದು, ಪಾದೋದಕ ಪಡೆಯುವುದು, ದಕ್ಷಿಣೆ ಕೊಟ್ಟು ಕಳಿಸುವುದು, ಇಷ್ಟರಲ್ಲಿಯೇ ಜಂಗಮದಾಸೋಹವು ಮುಗಿಯಿತೆಂದು ತಿಳಿದರೆ, ಬಾಯಿಂದ ಕನ್ನಡದ ಜಂಗಮವನ್ನು ನುಡಿದು ಮನಸ್ಸಿನಲ್ಲಿ ಕಚೇರಿಯ ಜಂಗಮವನ್ನು ಇಟ್ಟುಕೊಂಡಂತೆ. ಅದೇ ರೀತಿಯಾಗಿ, ಜಂಗಮರೆನಿಸಿಕೊಂಡವರೂ ಕರೆದ ಮನೆಗೆ ಮಾತ್ರ ಹೋಗಿ, ಕೊಟ್ಟಷ್ಟು ಎಣಿಸಿಕೊಂಡು, ಮನೆಮನೆಗಳ ವೈಮನಸ್ಸನ್ನು ಕಂಡೂ ಸುಮ್ಮನಿದ್ದರೆ ಅವರ ಕಾಲು ನಡೆದರೂ ಅರಿವು ನಡೆಯಲಿಲ್ಲ. ನಾನೂ ಮಠದ ಅನ್ನವನ್ನು ಉಂಡು ಪಾಠ ಹೇಳುವವನಾದುದರಿಂದ ಈ ಮಾತು ನನಗೂ ಸಲ್ಲುತ್ತದೆ. ಇಪ್ಪತ್ತು ವರ್ಷಗಳ ಹಿಂದೆ ಹೇಳಿದುದನ್ನೇ ಇಂದಿಗೂ ಅದೇ ಸ್ವರದಲ್ಲಿ ಒಪ್ಪಿಸಿದರೆ ವಿದ್ಯೆಯೂ ಸ್ಥಾವರವೇ.

ಆ ಹಿರಿಯರಿಗೆ ನಾನು ಇದೆಲ್ಲವನ್ನೂ ಆ ದಿನ ಹೇಳಲಿಲ್ಲ. “ಯಜಮಾನ್ರ, ಬರೂ ಶ್ರಾವಣ ಸೋಮವಾರ ಅಯ್ಯನವರನ್ನ ಕರಿಯೂಕಿಂತ ಮೊದಲ ಆ ಮನಿಯವರನ್ನ ಊಟಕ್ಕ ಕರೀರಿ. ಅಯ್ಯನವರು ಯಾವ ಮನಿಗೆ ಮೊದಲ ಬರಬೇಕನ್ನೂದು ಆಮ್ಯಾಲ ತಾನ ಬಗಿಹರೀತೈತಿ” ಎಂದಷ್ಟೇ ಹೇಳಿದೆನು. ಅವರು ಹೂಂ ಎನ್ನಲಿಲ್ಲ, ಉಹೂಂ ಎನ್ನಲಿಲ್ಲ. ಪತ್ರವನ್ನು ಹಳೆಯ ಮಡಿಕೆಯಲ್ಲಿಯೇ ಮಡಚಿ ಜೇಬಿನಲ್ಲಿಟ್ಟುಕೊಂಡು, ಶರಣಾರ್ಥಿ ಹೇಳಿ ಹೋದರು.

ವಾಚಕರು ತಮ್ಮ ತಮ್ಮ ಮನೆಗಳಲ್ಲಿ ಈ ಶಬ್ದವು ಯಾವ ಅರ್ಥದಲ್ಲಿ ವಾಸವಾಗಿದೆಯೆಂಬುದನ್ನು ಪರೀಕ್ಷಿಸಿ ನೋಡಬೇಕು. ಬಾಗಿಲಿಗೆ ಬಂದವನ ಹಸಿವನ್ನೂ, ಬಾಗಿಲಿಗೆ ಬಾರದೆ ದೂರವಾದ ಬಂಧುವಿನ ಮನಸ್ಸನ್ನೂ ಯಾವ ಮನೆಯು ಅರಿಯುವುದೋ ಆ ಮನೆಯಲ್ಲಿ ಜಂಗಮವು ಪಾಲಾಗದೆ ಪೂರ್ಣವಾಗಿ ನೆಲೆಸುವುದು.