ಕೂರ್ಮ ದೇವರೂ ನಮ್ಮ ಆಮೆಯೂ



ದೇವಸ್ಥಾನಕ್ಕೆ ಬಂದವರೆಲ್ಲ ಗರ್ಭಗುಡಿಯ ಕಡೆ ನೋಡಿಕೊಂಡು ಹೋಗ್ತಾರೆ. ಕಾಲ ಕೆಳಗೆ ನೋಡುವವರು ಕಡಿಮೆ. ನಮ್ಮ ನಾಡಿನ ಎಷ್ಟೋ ಗುಡಿಗಳಲ್ಲಿ ದೇವರ ಎದುರಿನ ನೆಲಹಾಸಿನಲ್ಲಿ ಒಂದು ಕಲ್ಲಿನ ಆಮೆ ಇರುತ್ತದೆ. ಮಕ್ಕಳು ಮಾತ್ರ ಅದನ್ನು ಮೊದಲು ಕಂಡುಹಿಡಿಯುತ್ತಾರೆ. "ಅಮ್ಮಾ, ಇಲ್ಲಿ ಆಮೆ ಯಾಕೆ?" ಅಂತ ಕೇಳ್ತಾರೆ. ಅಮ್ಮಂದಿರು ಸೇವಾ ಕೌಂಟರಿಗೆ ಬಂದು ನನ್ನನ್ನು ಕೇಳ್ತಾರೆ. ಹಿಂದೆ ರಶ್ಶು ಇದೆ, ರಸೀತಿ ಬರೆಯಬೇಕು, ಅಲ್ಲಿ ನಿಂತು ಹೇಳಲಿಕ್ಕೆ ಆಗುವುದಿಲ್ಲ. ಆದ್ದರಿಂದ ತಿಳಿದಷ್ಟನ್ನು ಇಲ್ಲಿ ಬರೆದಿದ್ದೇನೆ. ನಾನು ಪಂಡಿತನಲ್ಲ, ಪಿ.ಯು.ಸಿ. ಓದಿದ ಗುಮಾಸ್ತ. ಅರ್ಚಕರಿಂದ, ಹಿರಿಯರಿಂದ ಕೇಳಿದ್ದು, ಓದಿದ್ದು, ಒಂದು ತಪ್ಪು ಮಾಡಿ ಕಲಿತದ್ದು ಇದರಲ್ಲಿದೆ.

1. ಭಾರ ಹೊತ್ತವನು

ಸಮುದ್ರ ಮಥನದ ಕಥೆ ಎಲ್ಲರಿಗೂ ಗೊತ್ತು. ಮಂದರ ಪರ್ವತ ಕಡೆಗೋಲು, ವಾಸುಕಿ ಹಗ್ಗ, ಒಂದು ಕಡೆ ದೇವತೆಗಳು, ಇನ್ನೊಂದು ಕಡೆ ದಾನವರು. ಕಡೆಯಲು ಶುರು ಮಾಡಿದಾಗ ಬೆಟ್ಟವೇ ಮುಳುಗತೊಡಗಿತು. ಆಗ ಶ್ರೀ ಮಹಾವಿಷ್ಣು ಕೂರ್ಮರೂಪ ತಾಳಿ ಬೆಟ್ಟವನ್ನು ಬೆನ್ನ ಮೇಲೆ ಹೊತ್ತ. ದಶಾವತಾರದಲ್ಲಿ ಇದು ಎರಡನೆಯದು. ಹದಿನೆಂಟು ಮಹಾಪುರಾಣಗಳಲ್ಲಿ ಒಂದಕ್ಕೆ ಕೂರ್ಮಪುರಾಣ ಎಂದೇ ಹೆಸರು. ನಮ್ಮ ಕಾವೇರಮ್ಮನ ಮಾಹಾತ್ಮ್ಯದಲ್ಲಿ ಬರುವ ಲೋಪಾಮುದ್ರೆಯ ಕಥೆಗೂ ಈ ಅಮೃತದ ಪ್ರಸಂಗಕ್ಕೂ ನಂಟು ಇದೆ.

ಮನೆಯಲ್ಲಿ ಮೊಸರು ಕಡೆಯುವಾಗ ಮಡಕೆಯ ಕೆಳಗೆ ಸಿಂಬೆ ಇಡುತ್ತಿದ್ದರಲ್ಲ, ಕೂರ್ಮ ಆ ಸಿಂಬೆಯ ಹಾಗೆ. ಬೆಣ್ಣೆ ಬಂದಾಗ ಎಲ್ಲರೂ ಬೆಣ್ಣೆಯ ಮಾತು ಆಡುತ್ತಾರೆ, ಸಿಂಬೆಯನ್ನು ಯಾರೂ ಕೇಳುವುದಿಲ್ಲ. ಅಮೃತಕ್ಕಾಗಿ ಎರಡೂ ಕಡೆಯವರು ಜಗಳ ಆಡಿದರು. ಹೊತ್ತವನು ಏನನ್ನೂ ಕೇಳಲಿಲ್ಲ.

ದೇವರನ್ನು ಪ್ರತಿಷ್ಠೆ ಮಾಡುವಾಗ ಪೀಠದ ಅಡಿಯಲ್ಲಿ ಕೂರ್ಮವನ್ನು ಇಡುವ ಪದ್ಧತಿ ಇದೆ. ಕಲ್ಲಿನದೋ ಲೋಹದ್ದೋ ಆಮೆ ಇಟ್ಟು, ಅದರ ಮೇಲೆ ಪೀಠ, ಅದರ ಮೇಲೆ ದೇವರು. ಒಮ್ಮೆ ಪ್ರತಿಷ್ಠೆ ಆದ ಮೇಲೆ ಆ ಆಮೆಯನ್ನು ಯಾರೂ ನೋಡುವ ಹಾಗಿಲ್ಲ. ನೆಲಹಾಸಿನಲ್ಲಿ ಕಾಣುವ ಆಮೆ ಅದನ್ನು ನಮಗೆ ನೆನಪು ಮಾಡಿಕೊಡುತ್ತದೆ.

ಕೂರ್ಮನನ್ನೇ ಮೂಲದೇವರಾಗಿ ಪೂಜಿಸುವ ಗುಡಿಗಳು ಬಹಳ ಕಡಿಮೆ. ಹೆಸರಾದದ್ದು ಆಂಧ್ರಪ್ರದೇಶದ ಶ್ರೀಕಾಕುಳಂ ಜಿಲ್ಲೆಯ ಶ್ರೀಕೂರ್ಮಂ. ನಮ್ಮ ಕರ್ನಾಟಕದಲ್ಲಿ ಚಿತ್ರದುರ್ಗ ಜಿಲ್ಲೆ ಹೊಸದುರ್ಗ ತಾಲ್ಲೂಕಿನ ಗವಿರಂಗಾಪುರದ ಗವಿಯಲ್ಲಿ ರಂಗನಾಥನನ್ನು ಕೂರ್ಮರೂಪದಲ್ಲಿ ಪೂಜಿಸುತ್ತಾರೆ.

2. ಒಳಗೆ ಎಳೆದುಕೊಂಡವನು

ಭಗವದ್ಗೀತೆಯ ಎರಡನೇ ಅಧ್ಯಾಯದಲ್ಲಿ ಸ್ಥಿತಪ್ರಜ್ಞ ಅಂದರೆ ಯಾರು ಎಂದು ಅರ್ಜುನ ಕೇಳುತ್ತಾನೆ. ಶ್ರೀಕೃಷ್ಣ 58ನೇ ಶ್ಲೋಕದಲ್ಲಿ ಆಮೆಯ ಉದಾಹರಣೆ ಕೊಡುತ್ತಾನೆ. ಆಮೆ ಕೈಕಾಲು ತಲೆ ಒಳಗೆ ಎಳೆದುಕೊಳ್ಳುವ ಹಾಗೆ ಇಂದ್ರಿಯಗಳನ್ನು ವಿಷಯಗಳಿಂದ ಹಿಂದಕ್ಕೆ ತೆಗೆದುಕೊಳ್ಳುವವನೇ ಸ್ಥಿತಪ್ರಜ್ಞ ಎಂಬುದು ಅದರ ಭಾವ. ಇಲ್ಲಿ ಒಂದು ಸೂಕ್ಷ್ಮ ಇದೆ. ಆಮೆ ಕಾಲು ಕತ್ತರಿಸಿಕೊಳ್ಳುವುದಿಲ್ಲ. ಬೇಕಾದಾಗ ಚಾಚುತ್ತದೆ, ಬೇಡದಾಗ ಎಳೆದುಕೊಳ್ಳುತ್ತದೆ. ಸಂಸಾರಿಗಳಾದ ನಮಗೆ ಇದಕ್ಕಿಂತ ಸರಳ ಪಾಠ ಬೇಕೇ?

ಇದಕ್ಕೆ ತದ್ವಿರುದ್ಧ ಪಂಚತಂತ್ರದ ಆಮೆ. ಕೆರೆ ಬತ್ತಿತು, ಎರಡು ಹಂಸಗಳು ಕೋಲಿನ ಎರಡು ತುದಿ ಕಚ್ಚಿ ಹಾರಿದವು, ಆಮೆ ನಡುವೆ ಕಚ್ಚಿಕೊಂಡಿತು. ಕೆಳಗಿನ ಜನ ಕೂಗಾಡಿದ್ದಕ್ಕೆ ಉತ್ತರ ಕೊಡಲು ಬಾಯಿ ಬಿಟ್ಟಿತು, ಬಿದ್ದು ಸತ್ತಿತು. ಕೈಕಾಲು ಎಳೆದುಕೊಳ್ಳಲು ಬಂದರೂ ನಾಲಿಗೆ ಎಳೆದುಕೊಳ್ಳಲು ಬರಲಿಲ್ಲ! ಪಂಚತಂತ್ರವನ್ನು ಕನ್ನಡಕ್ಕೆ ತಂದವನು 11ನೇ ಶತಮಾನದ ದುರ್ಗಸಿಂಹ, ಚಾಲುಕ್ಯರ ಆಸ್ಥಾನದಲ್ಲಿದ್ದವನು. ಶಿವಮೊಗ್ಗ ಜಿಲ್ಲೆಯ ಬಳ್ಳಿಗಾವೆಯ ತ್ರಿಪುರಾಂತಕೇಶ್ವರ ಗುಡಿಯಲ್ಲಿ ಪಂಚತಂತ್ರದ ಕಥೆಗಳನ್ನು ಕಲ್ಲಿನಲ್ಲೇ ಕೆತ್ತಿದ್ದಾರೆ.

3. ನೆನೆದೇ ಸಾಕುವ ತಾಯಿ

ಗುರು ಶಿಷ್ಯನಿಗೆ ಅನುಗ್ರಹ ಮಾಡುವ ಕ್ರಮಕ್ಕೆ ಹಿರಿಯರು ಮೂರು ಹೋಲಿಕೆ ಹೇಳ್ತಾರೆ. ಹಕ್ಕಿ ಮುಟ್ಟಿ ಕಾವು ಕೊಡುತ್ತದೆ, ಅದು ಸ್ಪರ್ಶದೀಕ್ಷೆ. ಮೀನು ನೋಟದಿಂದ ಮರಿ ಮಾಡುತ್ತದೆ, ಅದು ದೃಗ್ದೀಕ್ಷೆ. ಆಮೆ ದೂರದಲ್ಲಿದ್ದು ನೆನೆದೇ ಮರಿ ಮಾಡುತ್ತದೆ, ಅದು ಧ್ಯಾನದೀಕ್ಷೆ.

ನಿಜವಾಗಿ ನಡೆಯುವುದೇನು ಅಂದರೆ, ತಾಯಿ ಆಮೆ ಮಣ್ಣಿನಲ್ಲೋ ಮರಳಿನಲ್ಲೋ ಗುಂಡಿ ತೋಡಿ, ಮೊಟ್ಟೆ ಇಟ್ಟು, ಮುಚ್ಚಿ ಹೊರಟುಹೋಗುತ್ತದೆ. ಕಾವು ಕೊಡುವುದು ಬಿಸಿಲು ಮತ್ತು ಭೂಮಿ. ಹಿಂದಿನವರು ತಾಯಿ ಹೋಗುವುದನ್ನು ನೋಡಿದರು, ಮರಿ ಬರುವುದನ್ನೂ ನೋಡಿದರು, ನಡುವೆ ನೆನಪು ಕೆಲಸ ಮಾಡಿತು ಎಂದರು. ಕಥೆ ಸುಂದರವಾಗಿದೆ. ಆದರೆ ಭೂಮಿಯನ್ನು ಕೆಡಿಸಿದರೆ ಎಷ್ಟು ನೆನೆದರೂ ಮರಿ ಬರುವುದಿಲ್ಲ. ಮರಳು ಅಗೆದ ಹೊಳೆಯ ದಡದಲ್ಲಿ, ಬೆಂಕಿ ಬಿದ್ದ ಗುಡ್ಡದಲ್ಲಿ ಆ ತಾಯಿ ಎಲ್ಲಿ ಗುಂಡಿ ತೋಡಬೇಕು?

4. ನಾನು ಮಾಡಿದ ತಪ್ಪು

ಇದನ್ನು ಬರೆಯುವುದೋ ಬೇಡವೋ ಎಂದು ಯೋಚಿಸಿದೆ. ಬರೆದರೆ ಇನ್ನೊಂದು ಜೀವ ಉಳಿಯಬಹುದು ಎಂದು ಬರೆಯುತ್ತಿದ್ದೇನೆ.

2014ರಲ್ಲಿ ಬಯಲುಸೀಮೆ ಕಡೆಯ ಒಂದು ಕುಟುಂಬ ರಟ್ಟಿನ ಪೆಟ್ಟಿಗೆಯಲ್ಲಿ ಒಂದು ಆಮೆ ತಂದರು. ಕಪ್ಪು ಬೆನ್ನಿನ ಮೇಲೆ ಹಳದಿ ನಕ್ಷತ್ರದ ಗೆರೆಗಳು, ನೋಡಲು ಬಹಳ ಚೆಂದ. ಅದೃಷ್ಟ ಬರುತ್ತದೆ ಎಂದು ಯಾರೋ ಹೇಳಿದ್ದಕ್ಕೆ ದುಡ್ಡು ಕೊಟ್ಟು ತಂದು ಸಾಕಿದ್ದರಂತೆ. ಮನೆಯಲ್ಲಿ ಕಷ್ಟ ಶುರುವಾಯಿತು, ತೀರ್ಥದಲ್ಲಿ ಬಿಟ್ಟುಬಿಡಿ ಎಂದು ಇನ್ಯಾರೋ ಹೇಳಿದರಂತೆ. "ಸಾರ್, ಕಲ್ಯಾಣಿಯಲ್ಲಿ ಬಿಡಬಹುದಾ?" ಎಂದರು. ಆಮೆ ಅಲ್ವಾ, ನೀರು ತಾನೇ ಅದರ ಮನೆ ಎಂದುಕೊಂಡೆ. ನಾನೇ ಎದ್ದು ಹೋಗಿ, ಕೈಯಾರೆ ಮೆಟ್ಟಿಲ ಹತ್ತಿರ ನೀರಿಗೆ ಬಿಟ್ಟೆ. ಅವರ ಮಗಳು, ಸಣ್ಣ ಹುಡುಗಿ, "ಟಾಟಾ" ಮಾಡಿದಳು. ಪುಣ್ಯದ ಕೆಲಸ ಮಾಡಿದೆ ಎಂದು ಅವತ್ತು ಸಂತೋಷದಲ್ಲೇ ಊಟ ಮಾಡಿದೆ.

ಮಾರನೇ ದಿನ ಬೆಳಿಗ್ಗೆ ಗುಡಿಸುವ ಅಕ್ಕ ಬಂದು ಕರೆದರು. ಆಮೆ ನೀರಿನಲ್ಲಿ ಸತ್ತು ಬಿದ್ದಿತ್ತು.

ಬೇರೆ ಕೆಲಸಕ್ಕೆ ಬಂದಿದ್ದ ಅರಣ್ಯ ಇಲಾಖೆಯ ಗಾರ್ಡ್ ಒಬ್ಬರು ನೋಡಿ ಹೇಳಿದರು. ಇದು ನಕ್ಷತ್ರ ಆಮೆ. ಒಣ ಕುರುಚಲು ಕಾಡಿನ ಪ್ರಾಣಿ. ಇದಕ್ಕೆ ಈಜು ಬರುವುದಿಲ್ಲ. ಆಳದ ನೀರಿಗೆ ಹಾಕಿದರೆ ಮುಳುಗಿ ಸಾಯುತ್ತದೆ. ನಮ್ಮ ಕೊಡಗಿನ ಮಳೆ, ಚಳಿಯೇ ಇದಕ್ಕೆ ಒಗ್ಗುವುದಿಲ್ಲ, ಇಲ್ಲಿಯ ಕಾಡಿಗೆ ಬಿಟ್ಟರೂ ತಪ್ಪೇ. ನನಗೆ ಮಾತು ಹೊರಡಲಿಲ್ಲ. ಬೆಟ್ಟವನ್ನೇ ಹೊತ್ತು ಸಮುದ್ರದಲ್ಲಿ ನಿಂತವನ ಕಥೆ ಗೊತ್ತಿತ್ತು. ನನ್ನ ಕೈಯಲ್ಲಿದ್ದ ಆಮೆ ಯಾವುದು ಎಂದು ಗೊತ್ತಿರಲಿಲ್ಲ.

5. ಆಮೆ ಎಂದರೆ ಒಂದೇ ಅಲ್ಲ

ಆಮೇಲೆ ಕೇಳಿ ತಿಳಿದುಕೊಂಡದ್ದು ಇಷ್ಟು. ನಮ್ಮ ಪಶ್ಚಿಮ ಘಟ್ಟದ ಮಳೆಕಾಡಿನ ನೆಲದಲ್ಲಿ ತಿರುವಾಂಕೂರು ಆಮೆ ಎಂಬುದು ಇದೆ. ಹುಲ್ಲು, ಬಿದ್ದ ಹಣ್ಣು, ಅಣಬೆ, ಹುಳ ತಿಂದು ಬದುಕುತ್ತದೆ. ಬೇಟೆ ಮತ್ತು ಕಾಡಿನ ಬೆಂಕಿ ಅದರ ಶತ್ರುಗಳು. ಕೆರೆ, ತೋಡುಗಳಲ್ಲಿ ಇರುವ ಕಪ್ಪು ಆಮೆ ಬೇರೆ, ಅದು ಈಜುತ್ತದೆ. ಕಾವೇರಿ ಹೊಳೆಯಲ್ಲಿ ಚಪ್ಪಟೆಯಾದ, ಮೆತ್ತನೆ ಬೆನ್ನಿನ ದೊಡ್ಡ ಆಮೆ ಇನ್ನೂ ಬೇರೆ. ಪೇಟೆಯಲ್ಲಿ ಗಾಜಿನ ತೊಟ್ಟಿಗೆ ಮಾರುವ, ಕಿವಿಯ ಹತ್ತಿರ ಕೆಂಪು ಗೆರೆ ಇರುವ ಮರಿ ಅಮೆರಿಕ ದೇಶದ್ದು. ದೊಡ್ಡದಾಯಿತೆಂದು ಕೆರೆಗೆ ಬಿಟ್ಟರೆ ಇಲ್ಲಿಯ ಆಮೆಗಳ ಅನ್ನ ಕಿತ್ತುಕೊಳ್ಳುತ್ತದೆ.

ಶ್ರೀಕೂರ್ಮಂ ದೇವಸ್ಥಾನದಲ್ಲೂ ನಕ್ಷತ್ರ ಆಮೆಗಳಿವೆ. ಅವುಗಳನ್ನು ಸಾಕಿರುವುದು ನೆಲದ ಮೇಲೆ, ಕಲ್ಯಾಣಿಯಲ್ಲಿ ಅಲ್ಲ.

ಹಾಗಾದರೆ ದೇವಸ್ಥಾನದ ಕೆರೆಯಲ್ಲಿ ಆಮೆ ಇರಲೇಬಾರದೇ? ಹಾಗಲ್ಲ. ನೀರಿನ ಆಮೆಯಾಗಿದ್ದು, ಅಲ್ಲಿಯದೇ ಆಗಿದ್ದರೆ ದೇವರ ಕೆರೆ ಅದನ್ನು ಕಾಪಾಡುತ್ತದೆ. ಮೆತ್ತನೆ ಬೆನ್ನಿನ ಒಂದು ಕಪ್ಪು ಆಮೆ ಕಾಡಿನಲ್ಲಿ ನಾಶವಾಯಿತು ಎಂದು 2002ರಲ್ಲಿ ವಿಜ್ಞಾನಿಗಳು ಪಟ್ಟಿ ಮಾಡಿದ್ದರು. ಅದು ಬಾಂಗ್ಲಾದೇಶದ ಚಿತ್ತಗಾಂಗಿನ ಬಾಯಜಿದ್ ಬೋಸ್ತಾಮಿ ದರ್ಗಾದ ಕೊಳದಲ್ಲಿ ಉಳಿದಿತ್ತು. ಅಸ್ಸಾಮಿನ ಹಾಜೋ ಊರಿನ ಹಯಗ್ರೀವ ಮಾಧವ ದೇವಸ್ಥಾನದ ಕೆರೆಯಲ್ಲೂ ಉಳಿದಿತ್ತು. ಅಲ್ಲಿ ಭಕ್ತರು ಅದನ್ನು ಹಿಡಿಯುವುದಿಲ್ಲ, ತಿನ್ನುವುದಿಲ್ಲ. ಭಕ್ತಿ ಜೊತೆಗೆ ತಿಳಿವಳಿಕೆ ಸೇರಿದರೆ ಇಷ್ಟು ದೊಡ್ಡ ಕೆಲಸ ಆಗುತ್ತದೆ.

6. ಅದೃಷ್ಟದ ಮಾತು

ತಮಿಳುನಾಡಿನ ಕಡೆ ಆಮೆ ಹೊಕ್ಕ ಮನೆ, ಅಮೀನ ಹೊಕ್ಕ ಮನೆ ಉದ್ಧಾರವಾಗುವುದಿಲ್ಲ ಎಂದು ಗಾದೆ ಇದೆ. ಈಗ ಅಂಗಡಿಗಳಲ್ಲಿ ಗಾಜಿನ, ಹಿತ್ತಾಳೆಯ ಆಮೆ ಮಾರುತ್ತಾರೆ, ಮನೆಯಲ್ಲಿಟ್ಟರೆ ದುಡ್ಡು ಬರುತ್ತದಂತೆ. ಒಬ್ಬರಿಗೆ ಅಪಶಕುನ, ಇನ್ನೊಬ್ಬರಿಗೆ ಲಕ್ಷ್ಮಿ. ಇಪ್ಪತ್ತು ಉಗುರಿನ ಆಮೆಗೆ ಲಕ್ಷಗಟ್ಟಲೆ ಬೆಲೆ ಎಂದು ನಂಬಿಸಿ ಮೋಸ ಮಾಡುವವರೂ ಇದ್ದಾರೆ. ಪಾಪ, ಆಮೆಗೆ ಇದು ಯಾವುದೂ ಗೊತ್ತಿಲ್ಲ. ಹಿತ್ತಾಳೆಯದ್ದು ಇಟ್ಟುಕೊಂಡರೆ ಯಾರಿಗೂ ತೊಂದರೆ ಇಲ್ಲ. ಜೀವಂತ ಆಮೆಯನ್ನು ಕೊಂಡರೆ, ಕಾಡಿನಿಂದ ಇನ್ನೊಂದನ್ನು ಹಿಡಿದು ತರಲಿಕ್ಕೆ ನಾವೇ ದುಡ್ಡು ಕೊಟ್ಟ ಹಾಗೆ.

ಭಕ್ತರಲ್ಲಿ ವಿನಂತಿ

• ಹರಕೆ, ಪರಿಹಾರ ಎಂದು ಜೀವಂತ ಆಮೆಯನ್ನು ಯಾವ ಕ್ಷೇತ್ರಕ್ಕೂ ತರಬೇಡಿ, ಕಲ್ಯಾಣಿಗೆ ಬಿಡಬೇಡಿ.

• ನಕ್ಷತ್ರ ಆಮೆ ಹಿಡಿಯುವುದು, ಮಾರುವುದು, ಸಾಕುವುದು ಅಪರಾಧ. 2022ರ ತಿದ್ದುಪಡಿಯ ನಂತರ ಅದು ವನ್ಯಜೀವಿ ಕಾಯಿದೆಯ ಒಂದನೇ ಪಟ್ಟಿಯಲ್ಲಿದೆ. ಯಾರ ಬಳಿಯಾದರೂ ಇದ್ದರೆ ಹತ್ತಿರದ ಅರಣ್ಯ ಇಲಾಖೆಯ ಕಚೇರಿಗೆ ತಿಳಿಸಿ.

• ಮಳೆಗಾಲದಲ್ಲಿ ಘಟ್ಟದ ರಸ್ತೆಯಲ್ಲಿ ಆಮೆ ದಾಟುತ್ತಿದ್ದರೆ ಗಾಡಿ ನಿಲ್ಲಿಸಿ. ಎತ್ತಲೇಬೇಕಾದರೆ ಅದು ಹೋಗುತ್ತಿದ್ದ ದಿಕ್ಕಿಗೇ ರಸ್ತೆ ಬದಿಯಲ್ಲಿ ಇಡಿ. ಮನೆಗೆ ಒಯ್ಯಬೇಡಿ.

• ಕಾಡಂಚಿನಲ್ಲಿ ಬೀಡಿ, ಸಿಗರೇಟು, ಬೆಂಕಿಕಡ್ಡಿ ಎಸೆಯಬೇಡಿ. ಬೆಂಕಿ ಬಂದರೆ ಜಿಂಕೆ ಓಡುತ್ತದೆ, ಹಕ್ಕಿ ಹಾರುತ್ತದೆ. ಆಮೆ ಓಡಲಾರದು.

ಕೂರ್ಮ ದೇವರಿಗೆ ದೊಡ್ಡ ಸೇವೆ ಬೇಕಾಗಿಲ್ಲ. ರಸೀತಿಯೂ ಬೇಡ. ಆಮೆಯನ್ನು ಅದು ಇರುವ ಜಾಗದಲ್ಲಿ ಇರಲು ಬಿಟ್ಟರೆ ಸಾಕು. ಮುಂದಿನ ಸಲ ಯಾವ ಗುಡಿಗೆ ಹೋದರೂ ನೆಲದ ಆಮೆಯನ್ನು ಮಕ್ಕಳಿಗೆ ತೋರಿಸಿ, ಈ ಮಾತನ್ನೂ ಹೇಳಿ.

ಸರ್ವೇ ಜನಾಃ ಸುಖಿನೋ ಭವಂತು.

— ಸನ್ನಿಧಿಯ ಕಚೇರಿ ಗುಮಾಸ್ತ